ಶಿಖರ ಹತ್ತದೆ ಶಿಖರ ಅಳೆದವರು: ರಾಧಾನಾಥ ಸಿಕ್ದರ್

ನಾನು ದಿನಕ್ಕೆ ಎಂಟೊಂಬತ್ತು ಗಂಟೆ ಕಂಪ್ಯೂಟರ್ ಮುಂದೆ ಕೂರುವವನು. ಆದರೆ ಇನ್ನೂರು ವರ್ಷಗಳ ಹಿಂದೆ ಕಂಪ್ಯೂಟರ್ ಎಂಬುದು ಯಂತ್ರದ ಹೆಸರಾಗಿರಲಿಲ್ಲ, ನೌಕರಿಯ ಹೆಸರಾಗಿತ್ತು. ಕಾಗದ, ಲೇಖನಿ, ಲಾಗರಿದಮ್ ಕೋಷ್ಟಕಗಳನ್ನು ಮುಂದಿಟ್ಟುಕೊಂಡು ಬೆಳಗಿನಿಂದ ಸಂಜೆಯವರೆಗೆ ಲೆಕ್ಕ ಹಾಕುವ ಮನುಷ್ಯನನ್ನು ಕಂಪ್ಯೂಟರ್ ಎನ್ನುತ್ತಿದ್ದರು. ಈಸ್ಟ್ ಇಂಡಿಯಾ ಕಂಪನಿಯ ಭೂಮಾಪನ ಇಲಾಖೆಗೆ ಹದಿನೆಂಟನೇ ವಯಸ್ಸಿನಲ್ಲಿ ಇಂಥ ನೌಕರಿಗೆ ಸೇರಿ, ಮೂವತ್ತು ವರ್ಷ ಅದನ್ನೇ ಮಾಡಿದ ಬಂಗಾಳಿ ಗಣಿತಜ್ಞ ರಾಧಾನಾಥ ಸಿಕ್ದರ್. ಮೌಂಟ್ ಎವರೆಸ್ಟ್ ಜಗತ್ತಿನ ಅತಿ ಎತ್ತರದ ಶಿಖರ ಎಂದು ನಾವೆಲ್ಲ ಸಮಾಜ ವಿಜ್ಞಾನದ ಪುಸ್ತಕದಲ್ಲಿ ಓದಿದ್ದೇವೆ. ಅದನ್ನು ಮೊದಲು ಹತ್ತಿದವರ ಹೆಸರೂ ನಮಗೆ ಬಾಯಿಪಾಠ. ಅದು ಅತಿ ಎತ್ತರದ್ದು ಎಂಬುದು ಗೊತ್ತಾದದ್ದು ಹೇಗೆ ಎಂದು ಮಾತ್ರ ಬಹಳ ಜನ ಕೇಳಿಕೊಂಡಿರಲಿಕ್ಕಿಲ್ಲ. ಸುವರ್ಣ ಮಹೋತ್ಸವದ ಸಂಚಿಕೆಗೆ ಲೇಖನ ಬೇಕೆಂದು ಗುರುಗಳು ಹೇಳಿ ಕಳಿಸಿದಾಗ ಈ ಹಿರಿಯರ ಬಗ್ಗೆ ಬರೆಯೋಣ ಎನ್ನಿಸಿತು.

ರಾಧಾನಾಥರು ಹುಟ್ಟಿದ್ದು 1813ರ ಅಕ್ಟೋಬರ್‌ನಲ್ಲಿ, ಕಲ್ಕತ್ತೆಯ ಜೋಡಾಸಾಂಕೊ ಬಡಾವಣೆಯಲ್ಲಿ. ತಂದೆ ತಿತುರಾಮ್ ಸಿಕ್ದರ್. ಮನೆಯಲ್ಲಿ ಅನುಕೂಲವೇನೂ ಹೆಚ್ಚಿರಲಿಲ್ಲ. 1824ರಲ್ಲಿ ಹಿಂದೂ ಕಾಲೇಜಿಗೆ ಸೇರಿದರು. ಆ ಕಾಲೇಜಿನಲ್ಲಿ ಆಗ ದೊಡ್ಡ ಗಾಳಿ ಎದ್ದಿತ್ತು. ಹೆನ್ರಿ ಡಿರೋಜಿಯೊ ಎಂಬ ಇಪ್ಪತ್ತರ ಆಸುಪಾಸಿನ ಮೇಷ್ಟ್ರು, ಯಾವುದನ್ನೂ ಹಿರಿಯರು ಹೇಳಿದರೆಂದು ಮಾತ್ರಕ್ಕೆ ಒಪ್ಪಬೇಡಿ, ಪ್ರಶ್ನಿಸಿ ಎಂದು ಹುಡುಗರಿಗೆ ಕಲಿಸುತ್ತಿದ್ದರು. ಊರಿನ ದೊಡ್ಡವರಿಗೆ ಇದು ಸಹಿಸಲಿಲ್ಲ. 1831ರಲ್ಲಿ ಡಿರೋಜಿಯೊ ಕೆಲಸ ಬಿಡಬೇಕಾಯಿತು. ಅದೇ ವರ್ಷದ ಕೊನೆಯಲ್ಲಿ ಕಾಲರಾದಿಂದ ತೀರಿಕೊಂಡರು. ಆದರೆ ಅವರ ಶಿಷ್ಯರ ಗುಂಪು ‘ಯಂಗ್ ಬೆಂಗಾಲ್’ ಎಂದು ಹೆಸರಾಯಿತು. ರಾಧಾನಾಥರು ಆ ಗುಂಪಿನವರು. ಎಳೆಯ ಹುಡುಗಿಯೊಬ್ಬಳನ್ನು ತಂದು ಮದುವೆ ಮಾಡುವ ಮನೆಯವರ ಏರ್ಪಾಡಿಗೆ ಅವರು ಒಪ್ಪಲಿಲ್ಲ. ಜೀವನಪೂರ್ತಿ ಅವಿವಾಹಿತರಾಗಿಯೇ ಉಳಿದರು.

ಡಿರೋಜಿಯೊ ಅವರಿಗೆ ಧೈರ್ಯ ಕೊಟ್ಟರೆ, ಗಣಿತ ಕೊಟ್ಟವರು ಜಾನ್ ಟೈಟ್ಲರ್ ಎಂಬ ಪ್ರಾಧ್ಯಾಪಕರು. ಅವರ ಬಳಿ ರಾಧಾನಾಥರು ನ್ಯೂಟನ್ನನ ‘ಪ್ರಿನ್ಸಿಪಿಯ’ವನ್ನು ಓದಿದರು. ಕಾಲೇಜು ಹುಡುಗನೊಬ್ಬ ಆ ಗ್ರಂಥ ಓದುವುದು ಇವತ್ತಿಗೂ ಸಣ್ಣ ಮಾತಲ್ಲ. ನಾನು ಇಂಜಿನಿಯರಿಂಗ್ ಮುಗಿಸಿದವನು, ಅದರ ನಾಲ್ಕು ಪುಟ ಬಿಡದೆ ಓದಲು ನನಗೆ ಸಾಧ್ಯವಾಗಿಲ್ಲ.

ಇನ್ನು ಅವರು ಸೇರಿದ ಇಲಾಖೆಯ ವಿಷಯ. ಅದರ ಬೇರು ಇರುವುದು ನಮ್ಮ ಕರ್ನಾಟಕದಲ್ಲಿಯೇ. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದು ಟಿಪ್ಪು ಸುಲ್ತಾನ್ ಮಡಿದ ಮೇಲೆ, ಗೆದ್ದ ನೆಲವನ್ನು ಕರಾರುವಾಕ್ಕಾಗಿ ಅಳೆಯಬೇಕೆಂದು ಆ ಯುದ್ಧದಲ್ಲಿದ್ದ ವಿಲಿಯಂ ಲ್ಯಾಂಬ್ಟನ್ ಎಂಬ ಅಧಿಕಾರಿ ಕಂಪನಿಯ ಮುಂದೆ ಯೋಜನೆ ಇಟ್ಟರು. 1802ರಲ್ಲಿ ಮದರಾಸಿನಲ್ಲಿ ಅಳತೆ ಶುರುವಾಯಿತು. ಎರಡು ವರ್ಷದ ನಂತರ ಬೆಂಗಳೂರಿನ ಬಳಿಯೂ ಒಂದು ಆಧಾರರೇಖೆ ಅಳೆದರು. ಬೆಂಗಳೂರಿನ ಹತ್ತಿರದ ರೇಖಾಂಶವನ್ನೇ ಹಿಡಿದುಕೊಂಡು ದಕ್ಷಿಣದ ತುದಿಯಿಂದ ಉತ್ತರಕ್ಕೆ, ಹಿಮಾಲಯದ ಬುಡದವರೆಗೆ, ಸುಮಾರು ಐವತ್ತು ವರ್ಷಗಳ ಮಾಪನ ನಡೆಯಿತು. ಬೀದರ್ ಹತ್ತಿರವೂ ಹೀಗೆ ಆಧಾರರೇಖೆ ಅಳೆದಿದ್ದಾರೆ. ಲ್ಯಾಂಬ್ಟನ್ ಈ ಕೆಲಸದಲ್ಲಿಯೇ 1823ರಲ್ಲಿ ತೀರಿಕೊಂಡರು. ಅವರ ಜಾಗಕ್ಕೆ ಬಂದವರು ಜಾರ್ಜ್ ಎವರೆಸ್ಟ್.

ಅಳತೆಯ ವಿಧಾನ ಹತ್ತನೇ ತರಗತಿ ಓದಿದವರಿಗೆಲ್ಲ ಅರ್ಥವಾಗುವಂಥದ್ದು. ಬಯಲಿನಲ್ಲಿ ಏಳೆಂಟು ಮೈಲಿಯ ಒಂದು ನೇರ ಗೆರೆಯನ್ನು ಸರಪಳಿಯಿಂದಲೋ ಲೋಹದ ಪಟ್ಟಿಯಿಂದಲೋ ಬಹಳ ಜೋಪಾನವಾಗಿ ಅಳೆಯುವುದು. ಅದರ ಎರಡು ತುದಿಗಳಿಂದ ದೂರದ ಗುಡ್ಡವೊಂದನ್ನು ನೋಡಿ ಕೋನ ಅಳೆಯುವುದು. ಒಂದು ಭುಜ, ಎರಡು ಕೋನ ಗೊತ್ತಾದರೆ ತ್ರಿಭುಜದ ಉಳಿದ ಭುಜಗಳು ತಾವಾಗಿ ಸಿಗುತ್ತವೆ. ಆ ಭುಜವನ್ನೇ ಆಧಾರವಾಗಿಟ್ಟುಕೊಂಡು ಮುಂದಿನ ಗುಡ್ಡ, ಮತ್ತೆ ಅದರಾಚೆಯದು. ಹೀಗೆ ತ್ರಿಭುಜದ ಮೇಲೆ ತ್ರಿಭುಜ ಹೆಣೆಯುತ್ತ ದೇಶವನ್ನೇ ಅಳೆದರು. ಆದರೆ ಭೂಮಿ ಕಪ್ಪುಹಲಗೆಯ ಹಾಗೆ ಚಪ್ಪಟೆಯಲ್ಲ. ತ್ರಿಭುಜ ದೊಡ್ಡದಾದಂತೆ ಗೋಳದ ತ್ರಿಕೋನಮಿತಿ ಬೇಕು. ಅದನ್ನು ಬಲ್ಲ ತರುಣನನ್ನು ಹುಡುಕುತ್ತಿದ್ದ ಎವರೆಸ್ಟ್‌ಗೆ ಟೈಟ್ಲರ್ ತಮ್ಮ ಶಿಷ್ಯನ ಹೆಸರು ಹೇಳಿದರು. 1831ರ ಡಿಸೆಂಬರ್‌ನಲ್ಲಿ ರಾಧಾನಾಥರು ತಿಂಗಳಿಗೆ 30 ರೂಪಾಯಿ ಸಂಬಳಕ್ಕೆ ಸೇರಿದರು. ಆಮೇಲೆ ಡೆಹ್ರಾಡೂನ್‌ಗೆ ಹೋದರು.

ಎವರೆಸ್ಟ್ ಸಿಡುಕಿನ ಮನುಷ್ಯ. ಕೈಕೆಳಗಿನವರನ್ನು ಹೊಗಳುವ ಸ್ವಭಾವ ಅವರದಲ್ಲ. ಅಂಥವರೂ ರಾಧಾನಾಥರ ಗಣಿತಶಕ್ತಿಗೆ ಸರಿಸಾಟಿಯಾದವರು ಭಾರತದಲ್ಲಿ ಕಡಿಮೆ ಎಂದು ಮೇಲಿನವರಿಗೆ ಬರೆದರು. ರಾಧಾನಾಥರು ಒಮ್ಮೆ ಈ ಇಲಾಖೆ ಬಿಟ್ಟು ಬೇರೆ ಸರ್ಕಾರಿ ಕೆಲಸಕ್ಕೆ ಹೋಗಲು ಹೊರಟಾಗ ಎವರೆಸ್ಟ್ ಬಿಟ್ಟುಕೊಡಲಿಲ್ಲ. ಮಗನನ್ನು ರಜೆ ಮೇಲೆ ಕಲ್ಕತ್ತೆಗೆ ಕಳಿಸುವ ಬದಲು, ಮಗ ಹೇಗಿದ್ದಾನೆಂದು ನೋಡಲು ನೀವೇ ಡೆಹ್ರಾಡೂನ್‌ಗೆ ಬನ್ನಿ ಎಂದು ತಿತುರಾಮರಿಗೆ ಕಾಗದ ಬರೆದರಂತೆ. ಇದನ್ನು ಪ್ರೀತಿ ಎನ್ನಬೇಕೋ ಕೆಲಸದವನು ಕೈಬಿಟ್ಟುಹೋಗುವ ಭಯ ಎನ್ನಬೇಕೋ ತಿಳಿಯದು. ಎರಡೂ ಇದ್ದಿರಬೇಕು.

1843ರಲ್ಲಿ ಡೆಹ್ರಾಡೂನ್‌ನಲ್ಲಿ ನಡೆದ ಒಂದು ಘಟನೆಯನ್ನು ಇಲ್ಲಿ ಸ್ವಲ್ಪ ವಿವರವಾಗಿ ಹೇಳಬೇಕು. ನನ್ನ ಮಟ್ಟಿಗೆ ರಾಧಾನಾಥರ ಜೀವನದಲ್ಲಿ ಶಿಖರದ ಲೆಕ್ಕಕ್ಕಿಂತ ಇದು ಕಡಿಮೆಯದಲ್ಲ. ಭೂಮಾಪನ ಕೆಲಸಕ್ಕೆ ನೂರಾರು ಕೂಲಿಗಳು ಬೇಕಿದ್ದರು. ಕೋನ ಅಳೆಯುವ ಥಿಯೊಡೊಲೈಟ್‌ಗಳಲ್ಲಿ ದೊಡ್ಡದು ಅರ್ಧ ಟನ್ ತೂಗುತ್ತಿತ್ತು. ಅದನ್ನು ಹೆಗಲ ಮೇಲೆ ಹೊತ್ತು ಗುಡ್ಡ ಹತ್ತಿಸುವವರು, ಕಾಡು ಕಡಿದು ದಾರಿ ಮಾಡುವವರು, ರಾತ್ರಿ ಗುಡ್ಡದ ತುದಿಯಲ್ಲಿ ದೀಪ ಕಾಯುವವರು ಎಲ್ಲ ಇವರೇ. ಅಧಿಕಾರಿಗಳು ದಾರಿಯಲ್ಲಿ ಸಿಕ್ಕವರನ್ನು ಹಿಡಿದು ತಮ್ಮ ಸಾಮಾನು ಹೊರಿಸುವುದು ಆಗ ರೂಢಿ. ನಮ್ಮ ಕಡೆ ಬಿಟ್ಟಿ ಚಾಕರಿ ಎನ್ನುತ್ತಿದ್ದರಲ್ಲ, ಅದೇ. ನಮ್ಮ ಊರುಗಳ ಹಳೆಯ ತಲೆಗಳಿಗೆ ಈ ಪದವನ್ನು ಬಿಡಿಸಿ ಹೇಳಬೇಕಾಗಿಲ್ಲ.

ವ್ಯಾನ್ಸಿಟಾರ್ಟ್ ಎಂಬ ಮ್ಯಾಜಿಸ್ಟ್ರೇಟ್ ಸರ್ವೆ ಇಲಾಖೆಯ ಕೂಲಿಗಳಿಂದ ಹೀಗೆ ತನ್ನ ಸಾಮಾನು ಸಾಗಿಸುತ್ತಿದ್ದುದು ರಾಧಾನಾಥರ ಕಣ್ಣಿಗೆ ಬಿತ್ತು. ಅವರು ಆ ಸಾಮಾನನ್ನೇ ತಡೆದು ಇಟ್ಟುಕೊಂಡರು. ಮ್ಯಾಜಿಸ್ಟ್ರೇಟ್ ಎಂದರೆ ಆ ಜಿಲ್ಲೆಗೆ ಕಾನೂನೂ ಅವನೇ, ಕೋರ್ಟೂ ಅವನೇ. ಅವನ ಸಾಮಾನಿಗೆ ಕೈಹಾಕಿದ ದೇಶೀ ನೌಕರನನ್ನು ಬಿಡುವುದುಂಟೆ? ಮೊಕದ್ದಮೆ ನಡೆದು ರಾಧಾನಾಥರಿಗೆ 200 ರೂಪಾಯಿ ದಂಡ ಬಿತ್ತು. ಅವರು ಕ್ಷಮೆ ಕೇಳಿ ಹೊರಬರಬಹುದಿತ್ತು, ಕೇಳಲಿಲ್ಲ, ದಂಡ ತೆತ್ತರು. ಅವರ ಕಾಲೇಜು ಗೆಳೆಯ ರಾಮಗೋಪಾಲ್ ಘೋಷ್ ನಡೆಸುತ್ತಿದ್ದ ‘ಬೆಂಗಾಲ್ ಸ್ಪೆಕ್ಟೇಟರ್’ ಪತ್ರಿಕೆಯಲ್ಲಿ ಪ್ರಕರಣದ ವಿವರ ಅಚ್ಚಾಯಿತು. ದಂಡ ಕಟ್ಟಿದ್ದು ಒಬ್ಬರಾದರೂ ಬಿಟ್ಟಿಯ ವಿಷಯ ಕಲ್ಕತ್ತೆಯ ಓದುಗರ ಮುಂದೆ ಬಂತು. ಆಗ ರಾಧಾನಾಥರಿಗೆ ಇನ್ನೂ ಮೂವತ್ತು ತುಂಬಿರಲಿಲ್ಲ.

ಅದೇ 1843ರಲ್ಲಿ ಎವರೆಸ್ಟ್ ನಿವೃತ್ತರಾಗಿ ಇಂಗ್ಲೆಂಡಿಗೆ ಹೋದರು. ಅವರ ನಂತರ ಮುಖ್ಯಸ್ಥರಾದವರು ಆಂಡ್ರೂ ವಾ. 1849ರಲ್ಲಿ ರಾಧಾನಾಥರು ಮುಖ್ಯ ಕಂಪ್ಯೂಟರ್ ಆಗಿ ಕಲ್ಕತ್ತೆಯ ಕಚೇರಿಗೆ ಬಂದರು.

ಹಿಮಾಲಯದ ಶಿಖರಗಳ ಲೆಕ್ಕ ಅವರ ಮೇಜಿಗೆ ಬಂದದ್ದು ಇಲ್ಲಿ. ನೇಪಾಳ ಆಗ ಹೊರಗಿನ ಸರ್ವೆಯವರನ್ನು ಒಳಗೆ ಬಿಡುತ್ತಿರಲಿಲ್ಲ. ಹಾಗಾಗಿ ಶಿಖರಗಳನ್ನೆಲ್ಲ ಬಿಹಾರದ ಬಯಲಿನಿಂದಲೇ, ನೂರು ಮೈಲಿಗಿಂತ ದೂರದಿಂದ ನೋಡಬೇಕಿತ್ತು. ತೆರಾಯಿ ಪ್ರದೇಶದ ಮಲೇರಿಯಾಕ್ಕೆ ಅಳೆಯಲು ಹೋದ ಎಷ್ಟೋ ಜನ ಬಲಿಯಾದರು. ಹೆಸರು ಗೊತ್ತಿಲ್ಲದ ಶಿಖರಗಳಿಗೆ ರೋಮನ್ ಅಂಕಿ ಕೊಡುತ್ತಿದ್ದರು. ಎವರೆಸ್ಟ್‌ಗೆ ಬಿದ್ದ ಸಂಖ್ಯೆ ಹದಿನೈದು. 1849–50ರ ಚಳಿಗಾಲದಲ್ಲಿ ಜೇಮ್ಸ್ ನಿಕೋಲ್ಸನ್ ಎಂಬ ಸರ್ವೇಯರ್ ಆರು ಬೇರೆ ಬೇರೆ ಠಾಣೆಗಳಿಂದ ಆ ಶಿಖರದ ಉನ್ನತ ಕೋನ ಅಳೆದು ತಂದರು. ನೋಡಲು ಅದು ದೊಡ್ಡದಾಗೇನೂ ಕಾಣುವುದಿಲ್ಲ. ಅಷ್ಟು ದೂರದಿಂದ ಅದು ದಿಗಂತದ ಮೇಲೆ ಏಳುವುದು ಸುಮಾರು ಎರಡು ಡಿಗ್ರಿ ಮಾತ್ರ. ಕೈ ಪೂರ್ತಿ ಚಾಚಿ ಹೆಬ್ಬೆರಳನ್ನು ಅಡ್ಡ ಹಿಡಿದರೆ ಶಿಖರ ಅದರ ಹಿಂದೆ ಅಡಗಿಬಿಡುತ್ತದೆ. ಹತ್ತಿರದ ಸಣ್ಣ ಬೆಟ್ಟಗಳೇ ಇದಕ್ಕಿಂತ ಎತ್ತರ ಕಾಣುತ್ತವೆ. ಅಲ್ಲಿಯವರೆಗೆ ಕಾಂಚನಜುಂಗಾವೇ ಎಲ್ಲಕ್ಕಿಂತ ಎತ್ತರ ಎಂದು ಎಲ್ಲರೂ ನಂಬಿದ್ದರಲ್ಲಿ ಆಶ್ಚರ್ಯವಿಲ್ಲ.

ಶಾಲೆಯಲ್ಲಿ ನಾವು ಮಾಡಿದ ಎತ್ತರ-ದೂರದ ಲೆಕ್ಕದಲ್ಲಿ ಗೋಪುರದ ಬುಡ ಸಮತಟ್ಟು ನೆಲದ ಮೇಲಿರುತ್ತದೆ, ನೋಟದ ಗೆರೆ ನೇರವಾಗಿರುತ್ತದೆ. ಟ್ಯಾನ್ ಬೆಲೆ ಹಾಕಿ ಗುಣಿಸಿದರೆ ಉತ್ತರ. ಇಲ್ಲಿ ಎರಡೂ ಸುಳ್ಳು. 110 ಮೈಲಿ ದೂರದಲ್ಲಿ ಭೂಮಿಯ ಬಾಗುವಿಕೆಯಿಂದಲೇ ಬೆಟ್ಟ ಸುಮಾರು 8,000 ಅಡಿ ಕೆಳಗಿಳಿದಿರುತ್ತದೆ. ಅಂದರೆ ಕೋನದಿಂದ ಬಂದ ಎತ್ತರಕ್ಕೆ ಅಷ್ಟನ್ನು ಕೂಡಿಸಬೇಕು. ಇನ್ನೊಂದು ಕಡೆ, ಬೆಳಕು ತಣ್ಣನೆಯ ತೆಳು ಗಾಳಿಯಿಂದ ದಟ್ಟ ಗಾಳಿಗೆ ಬರುವಾಗ ಬಾಗುತ್ತದೆ. ನೀರಿನಲ್ಲಿಟ್ಟ ಕೋಲು ಮುರಿದಂತೆ ಕಾಣುತ್ತದಲ್ಲ, ಅದೇ ವಕ್ರೀಭವನ. ಇದರಿಂದ ಶಿಖರ ಇರುವುದಕ್ಕಿಂತ ಸಾವಿರ ಅಡಿಯಷ್ಟು ಮೇಲೆ ಕಂಡೀತು. ಅದನ್ನು ಕಳೆಯಬೇಕು. ಎಷ್ಟು ಕಳೆಯಬೇಕೆಂಬುದು ಆ ಹೊತ್ತಿನ ಬಿಸಿಲು, ಗಾಳಿಯ ಒತ್ತಡ, ಉಷ್ಣತೆ ಎಲ್ಲದರ ಮೇಲೆ ನಿಂತಿದೆ. ಬಯಲಿನ ಗಾಳಿ ಗೊತ್ತು. ಶಿಖರದ ಬಳಿಯ ಗಾಳಿಯನ್ನು ಅಳೆದವರು ಯಾರೂ ಇಲ್ಲ. ಇಡೀ ಲೆಕ್ಕದ ಕಷ್ಟವೆಲ್ಲ ಇರುವುದು ಈ ಕಳೆಯುವ ಅಂಕಿಯಲ್ಲಿ.

ಆರು ಠಾಣೆಗಳಿಂದ ಆರು ಎತ್ತರ ಬಂದವು. ಅತಿ ಕಡಿಮೆಯದು ಸುಮಾರು 28,990 ಅಡಿ, ಅತಿ ಹೆಚ್ಚಿನದು 29,026 ಅಡಿ. ಸರಾಸರಿ 29,002 ಅಡಿ. ಉತ್ತರ ಸರಿಯಾಗಿ 29,000 ಬಂದಿತ್ತು, ಅಂದಾಜಿನ ಅಂಕಿ ಎಂದು ಜನ ನಗಬಾರದೆಂದು ಎರಡು ಅಡಿ ಸೇರಿಸಿದರು ಎಂಬ ಕಥೆ ಬಹಳ ಕಡೆ ಓದಲು ಸಿಗುತ್ತದೆ. ಕಥೆ ಸೊಗಸಾಗಿದೆ, ನಿಜ. ಆದರೆ ಆ ಆರು ಅಂಕಿಗಳನ್ನು ಕೂಡಿಸಿ ಆರರಿಂದ ಭಾಗಿಸಿ ನೋಡಿದರೆ 29,002 ತಾನಾಗಿಯೇ ಬರುತ್ತದೆ.

1852ರ ಹೊತ್ತಿಗೆ ಹದಿನೈದನೇ ಶಿಖರ ಉಳಿದೆಲ್ಲಕ್ಕಿಂತ ಎತ್ತರ ಎಂಬುದು ಕಚೇರಿಗೆ ತಿಳಿಯಿತು. ರಾಧಾನಾಥರು ಒಂದು ಬೆಳಿಗ್ಗೆ ಮೇಲಧಿಕಾರಿಯ ಕೋಣೆಗೆ ಓಡಿಬಂದು ಅತಿ ಎತ್ತರದ ಶಿಖರ ಸಿಕ್ಕಿತೆಂದು ಕೂಗಿದರು ಎಂಬ ಇನ್ನೊಂದು ಕಥೆಯಿದೆ. ಇವರು ಕಲ್ಕತ್ತೆಯಲ್ಲಿ, ಮೇಲಧಿಕಾರಿ ವಾ ದೂರದ ಡೆಹ್ರಾಡೂನ್‌ನಲ್ಲಿ, ಓಡಿಬರುವ ಮಾತೆಲ್ಲಿ? ಕಲ್ಕತ್ತೆಯ ಮುಖ್ಯ ಕಂಪ್ಯೂಟರ್ ವಾ ಅವರಿಗೆ ವಿಷಯ ತಿಳಿಸಿದರೆಂದು ಸರ್ವೆ ಇಲಾಖೆಯ ಅಧಿಕಾರಿ ಬರಾರ್ಡ್ 1904ರಲ್ಲಿ ಬರೆದಿದ್ದಾರೆ. ಡೆಹ್ರಾಡೂನ್ ಕಚೇರಿಯ ಹೆನೆಸ್ಸಿ ಎಂಬವರ ಪಾಲು ದೊಡ್ಡದು ಎನ್ನುವವರೂ ಇದ್ದಾರೆ. ನನಗನ್ನಿಸುವುದು, ಇದು ಒಬ್ಬರ ತಲೆಯಲ್ಲಿ ಒಂದು ದಿನ ಹೊಳೆದ ಸಂಗತಿಯಲ್ಲ. ಕೋನ ಅಳೆದವರು, ಥಿಯೊಡೊಲೈಟ್ ಹೊತ್ತವರು, ಅಂಕಿ ತಿದ್ದಿದವರು ಅನೇಕರು. ಆದರೆ ಲೆಕ್ಕದ ಕೆಲಸದ ಮುಂದಾಳು ರಾಧಾನಾಥರು, ಬಳಸಿದ ವಿಧಾನಗಳನ್ನು ಬಲ್ಲವರೂ ಅವರು. ವಾ ತಕ್ಷಣ ಸಾರಲಿಲ್ಲ. ನಾಲ್ಕು ವರ್ಷ ಮತ್ತೆ ಮತ್ತೆ ಪರಿಶೀಲಿಸಿ 1856ರಲ್ಲಿ ಪ್ರಕಟಿಸಿದರು. ಇವತ್ತು ನಮ್ಮ ಕಂಪನಿಗಳಲ್ಲಿ ಶುಕ್ರವಾರ ಬರೆದ ಕೋಡ್ ಸೋಮವಾರ ಗ್ರಾಹಕರ ಕೈಗೆ ಹೋಗುವುದನ್ನು ನೋಡುವ ನನಗೆ ಈ ನಾಲ್ಕು ವರ್ಷದ ತಾಳ್ಮೆ ದೊಡ್ಡದಾಗಿ ಕಾಣುತ್ತದೆ.

ಹೆಸರಿಡುವಾಗ ವಾ ತಮ್ಮ ಹಿಂದಿನ ಮುಖ್ಯಸ್ಥರ ಹೆಸರನ್ನು ಸೂಚಿಸಿದರು. ಸ್ಥಳೀಯ ಹೆಸರು ತಿಳಿಯಲಿಲ್ಲ ಎಂಬುದು ಅವರ ಕಾರಣ. ಟಿಬೆಟ್‌ನ ಜನ ಅದನ್ನು ಚೋಮೋಲುಂಗ್ಮಾ ಎಂದು ಕರೆಯುತ್ತಿದ್ದರು. ಸಾಗರಮಾಥಾ ಎಂಬ ನೇಪಾಳಿ ಹೆಸರು ಬಳಕೆಗೆ ಬಂದದ್ದು ಇಪ್ಪತ್ತನೇ ಶತಮಾನದಲ್ಲಿ. ಸ್ವತಃ ಎವರೆಸ್ಟ್ ಇದನ್ನು ಆಕ್ಷೇಪಿಸಿದರು. ತಮ್ಮ ಹೆಸರನ್ನು ಈ ದೇಶದವರು ಉಚ್ಚರಿಸಲಾರರು ಎಂದರು. ಮಾತು ಸುಳ್ಳಲ್ಲ. ಅವರ ಮನೆತನದವರು ಹೇಳುತ್ತಿದ್ದದ್ದು ಈವ್‌ರೆಸ್ಟ್ ಎಂದು. ನಾವಷ್ಟೇ ಅಲ್ಲ, ಇಂದು ಇಡೀ ಜಗತ್ತೇ ತಪ್ಪು ಹೇಳುತ್ತಿದೆ. 1865ರಲ್ಲಿ ಲಂಡನ್ನಿನ ರಾಯಲ್ ಜಿಯಾಗ್ರಫಿಕಲ್ ಸೊಸೈಟಿ ಆ ಹೆಸರನ್ನು ಒಪ್ಪಿತು. ಶಿಖರದ ಕೋನ ಅಳೆಯುವುದಕ್ಕೆ ಆರು ವರ್ಷ ಮೊದಲೇ ಭಾರತ ಬಿಟ್ಟವರ ಹೆಸರು ಹೀಗೆ ಶಿಖರಕ್ಕೆ ನಿಂತಿತು.

ಆ ಹೊತ್ತಿಗೆ ರಾಧಾನಾಥರು ಬೇರೆ ಕೆಲಸಗಳಲ್ಲಿ ಮುಳುಗಿದ್ದರು. 1852ರಿಂದ ಕಲ್ಕತ್ತೆಯ ಹವಾಮಾನ ವೀಕ್ಷಣಾಲಯವೂ ಅವರ ಉಸ್ತುವಾರಿಗೆ ಬಂತು. ಗಂಟೆಗಂಟೆಯ ಉಷ್ಣತೆ, ಗಾಳಿಯ ಒತ್ತಡದ ದಾಖಲೆ ಇಡಿಸಿದರು. ವಾಯುಭಾರಮಾಪಕದ ಪಾದರಸವೂ ಬಿಸಿಗೆ ಹಿಗ್ಗುತ್ತದೆ, ಅದರ ಪಕ್ಕದ ಲೋಹದ ಅಳತೆಪಟ್ಟಿಯೂ ಹಿಗ್ಗುತ್ತದೆ. ಎರಡನ್ನೂ ಸರಿಪಡಿಸಿ ಬೇರೆ ಬೇರೆ ದಿನದ ಅಳತೆಗಳನ್ನು ಹೋಲಿಸಲು ಬರುವಂತೆ ಸೂತ್ರವೊಂದನ್ನು ಕಂಡುಕೊಂಡರು. 1854ರಲ್ಲಿ ಗೆಳೆಯ ಪ್ಯಾರಿಚಾಂದ್ ಮಿತ್ರ ಅವರ ಜೊತೆ ‘ಮಾಸಿಕ್ ಪತ್ರಿಕಾ’ ಎಂಬ ಪತ್ರಿಕೆ ಶುರುಮಾಡಿದರು. ಸಂಸ್ಕೃತದ ಭಾರವಿಲ್ಲದ, ಮನೆಯ ಹೆಣ್ಣುಮಕ್ಕಳು ಓದಿ ತಿಳಿಯಬಲ್ಲ ಆಡುಮಾತಿನ ಬಂಗಾಳಿ ಅದರಲ್ಲಿರಬೇಕೆಂಬುದು ಅವರ ಹಟ. ಲಾಗರಿದಮ್ ಜೊತೆ ದಿನ ಕಳೆಯುವವರಿಗೆ ಇದು ಹೊಳೆದದ್ದೇ ವಿಶೇಷ.

1862ರಲ್ಲಿ ನಿವೃತ್ತರಾದರು. ಸುಮ್ಮನೆ ಕೂರಲಿಲ್ಲ, ಇಂದು ಸ್ಕಾಟಿಷ್ ಚರ್ಚ್ ಕಾಲೇಜು ಎನಿಸಿರುವ ಸಂಸ್ಥೆಯಲ್ಲಿ ಗಣಿತದ ಮೇಷ್ಟ್ರಾದರು. 1864ರಲ್ಲಿ ಜರ್ಮನಿಯ ಬವೇರಿಯಾದ ವಿಜ್ಞಾನ ಸಂಘವೊಂದು ಅವರನ್ನು ಸದಸ್ಯರನ್ನಾಗಿ ಮಾಡಿಕೊಂಡಿತು. ಕೊನೆಗಾಲದಲ್ಲಿ ಗಂಗೆಯ ದಡದ ಚಂದ್ರನಗರದಲ್ಲಿ ನೆಲೆಸಿ, 1870ರ ಮೇ 17ರಂದು ಅಲ್ಲಿಯೇ ತೀರಿಕೊಂಡರು. ವಯಸ್ಸು ಐವತ್ತಾರು.

ಅವರು ಹೋದ ಮೇಲೆ ನಡೆದದ್ದು ಓದಿದರೆ ಬೇಸರವಾಗುತ್ತದೆ. ಭಾರತದ ಸರ್ವೇಯರುಗಳಿಗೆಲ್ಲ ಕೈಪಿಡಿಯಾಗಿದ್ದ ಭೂಮಾಪನದ ದೊಡ್ಡ ಗ್ರಂಥವೊಂದು 1851ರಲ್ಲಿ ಅಚ್ಚಾಗಿತ್ತು. ಥ್ಯುಲಿಯರ್ ಮತ್ತು ಸ್ಮಿತ್ ಎಂಬ ಇಬ್ಬರು ಅಧಿಕಾರಿಗಳ ಹೆಸರಿನಲ್ಲಿ ಬಂದ ಆ ಪುಸ್ತಕದ ಗಣಿತದ ಭಾಗಗಳಲ್ಲಿ ಮುಖ್ಯವಾದವು ರಾಧಾನಾಥರವು. ಮೊದಲ ಮುದ್ರಣದ ಮುನ್ನುಡಿ ಅದನ್ನು ಸ್ಪಷ್ಟವಾಗಿ ಹೇಳಿ ಕೃತಜ್ಞತೆ ಸಲ್ಲಿಸಿತ್ತು. 1875ರ ಮೂರನೇ ಮುದ್ರಣದಲ್ಲಿ ಅಧ್ಯಾಯಗಳು ಉಳಿದವು, ಮುನ್ನುಡಿಯ ಆ ಮಾತು ಹೋಯಿತು. ಕೇಳಲು ರಾಧಾನಾಥರು ಇರಲಿಲ್ಲ. 1876ರಲ್ಲಿ ‘ಫ್ರೆಂಡ್ ಆಫ್ ಇಂಡಿಯಾ’ ಪತ್ರಿಕೆ ಇದನ್ನು ಸತ್ತವರ ಮನೆಯ ಕಳ್ಳತನವೆಂದು ಖಂಡಿಸಿತು. ಈ ಅನ್ಯಾಯದ ವಿರುದ್ಧ ದನಿಯೆತ್ತಿದವರಲ್ಲಿ ಅದೇ ಇಲಾಖೆಯ ಬ್ರಿಟಿಷ್ ಅಧಿಕಾರಿಯೂ ಒಬ್ಬರಿದ್ದರು ಎಂಬುದನ್ನು ಮರೆಯದೆ ಹೇಳಬೇಕು. ನಾವು ಇಂದು ಬರೆಯುವ ಕೋಡ್‌ನ ಒಂದೊಂದು ಸಾಲಿಗೂ ಯಾರು, ಯಾವ ದಿನ ಬರೆದರೆಂಬುದು ತಾನಾಗಿ ದಾಖಲಾಗುತ್ತದೆ. ಅಳಿಸಿದರೆ ಅಳಿಸಿದವರ ಹೆಸರೂ ದಾಖಲಾಗುತ್ತದೆ. ಕಾಗದದ ಕಾಲದಲ್ಲಿ ಒಂದು ಮುನ್ನುಡಿ ತಿದ್ದಿದರೆ ಸಾಕಿತ್ತು.

ಶಿಖರವನ್ನು ಹತ್ತುವ ಪ್ರಯತ್ನ ಶುರುವಾದದ್ದು ರಾಧಾನಾಥರು ತೀರಿಕೊಂಡ ಐವತ್ತು ವರ್ಷಗಳ ಮೇಲೆ. ನೇಪಾಳ ಇನ್ನೂ ಮುಚ್ಚಿತ್ತು; 1921ರಲ್ಲಿ ಮೊದಲ ಬ್ರಿಟಿಷ್ ತಂಡ ಟಿಬೆಟ್ ಕಡೆಯಿಂದ ಹೋಗಿ ದಾರಿ ಹುಡುಕಿತು. 1922ರಲ್ಲಿ ಹಿಮಪಾತಕ್ಕೆ ಸಿಕ್ಕಿ ಏಳು ಜನ ಹೊರೆಯಾಳುಗಳು ಸತ್ತರು. ಎವರೆಸ್ಟ್ ಹತ್ತುವ ದಾರಿಯ ಸಾವಿನ ಪಟ್ಟಿಯಲ್ಲಿ ಮೊದಲ ದೊಡ್ಡ ಸಾಲು ಹೊರೆ ಹೊತ್ತವರದೇ. 1924ರಲ್ಲಿ ಮ್ಯಾಲೊರಿ ಮತ್ತು ಇರ್ವಿನ್ ತುದಿಯ ಕಡೆಗೆ ಹೋಗುತ್ತಿದ್ದುದು ಕಂಡಿತು, ಮತ್ತೆ ಬರಲಿಲ್ಲ. ಮ್ಯಾಲೊರಿಯ ದೇಹ ಸಿಕ್ಕಿದ್ದು 1999ರಲ್ಲಿ. ನೇಪಾಳದ ಬಾಗಿಲು ತೆರೆದ ಮೇಲೆ, 1953ರ ಮೇ 29ರಂದು ತೇನ್‌ಸಿಂಗ್ ನೋರ್ಗೆ ಮತ್ತು ಎಡ್ಮಂಡ್ ಹಿಲರಿ ತುದಿ ಮುಟ್ಟಿದರು. ಆ ತೇನ್‌ಸಿಂಗ್ ಕೂಡ 1935ರಲ್ಲಿ ಹೊರೆಯಾಳಾಗಿಯೇ ಈ ಬೆಟ್ಟಕ್ಕೆ ಬಂದವರು.

ಸ್ವತಂತ್ರ ಭಾರತದ ಸರ್ವೆ ಇಲಾಖೆ ಬಿ. ಎಲ್. ಗುಲಾಟಿಯವರ ನೇತೃತ್ವದಲ್ಲಿ ಇನ್ನೂ ಹತ್ತಿರದ ಠಾಣೆಗಳಿಂದ ಮತ್ತೆ ಅಳೆದು 1955ರಲ್ಲಿ 8,848 ಮೀಟರ್ ಎಂದಿತು. ನಾವು ಪರೀಕ್ಷೆಯಲ್ಲಿ ಬರೆದದ್ದು ಈ ಅಂಕಿಯನ್ನೇ. 2020ರಲ್ಲಿ ನೇಪಾಳ ಮತ್ತು ಚೀನಾ ಉಪಗ್ರಹಗಳ ನೆರವಿನಿಂದ, ತುದಿಯ ಮೇಲೆಯೇ ಉಪಕರಣ ಇಟ್ಟು ಅಳೆದು 8,848.86 ಮೀಟರ್ ಎಂದು ಒಟ್ಟಾಗಿ ಪ್ರಕಟಿಸಿದವು. ರಾಧಾನಾಥರ ಕಾಲದ 29,002 ಅಡಿಯನ್ನು ಮೀಟರ್‌ಗೆ ತಂದರೆ 8,840ಕ್ಕೆ ಕೂದಲೆಳೆ ಕಡಿಮೆ. ವ್ಯತ್ಯಾಸ ಒಂಬತ್ತು ಮೀಟರ್, ಬೆಳೆದ ಒಂದು ತೆಂಗಿನ ಮರದಷ್ಟೂ ಇಲ್ಲ.

2004ರ ಜೂನ್ 27ರಂದು ಭಾರತೀಯ ಅಂಚೆ ಇಲಾಖೆ ಭೂಮಾಪನದ ನೆನಪಿಗೆ ಅಂಚೆಚೀಟಿಗಳನ್ನು ಹೊರತಂದಿತು. ಅದರಲ್ಲಿ ಟಿಬೆಟ್ಟನ್ನು ಹೆಜ್ಜೆ ಎಣಿಸುತ್ತ ಅಳೆದ ನೈನ್ ಸಿಂಗ್ ಅವರ ಜೊತೆ ರಾಧಾನಾಥ ಸಿಕ್ದರ್ ಅವರ ಚಿತ್ರವೂ ಇದೆ.